ಹತ್ತು ಗಜದ ದಾರಿ: ನ್ಯೂಜೆರ್ಸಿಯಿಂದ ಓಹಾಯೋವರೆಗೆ ಅಮೆರಿಕನ್ ಫುಟ್‌ಬಾಲ್ ಹುಡುಕಿಕೊಂಡು

ಗುರುವಾರ: ನ್ಯೂ ಬ್ರನ್ಸ್‌ವಿಕ್, ಕಾರ್ಲೈಲ್

ಅಮೆರಿಕನ್ ಫುಟ್‌ಬಾಲ್ ಹುಟ್ಟಿದ ಜಾಗದಲ್ಲಿ ಈಗ ಕಾರು ನಿಲ್ಲಿಸುತ್ತಾರೆ. ನ್ಯೂಜೆರ್ಸಿಯ ನ್ಯೂ ಬ್ರನ್ಸ್‌ವಿಕ್ ಊರು, ರಟ್ಗರ್ಸ್ ವಿಶ್ವವಿದ್ಯಾಲಯ, ಕಾಲೇಜ್ ಅವೆನ್ಯೂ ಮೇಲೊಂದು ಹಳೇ ಜಿಮ್ ಕಟ್ಟಡ, ಅದರ ಪಕ್ಕ ಪಾರ್ಕಿಂಗ್. 1869ರ ನವೆಂಬರ್ 6ರಂದು ರಟ್ಗರ್ಸ್ ಮತ್ತು ಪ್ರಿನ್ಸ್‌ಟನ್ ಹುಡುಗರು ಇಲ್ಲಿ ಆಡಿದ್ದನ್ನೇ ಕಾಲೇಜು ಫುಟ್‌ಬಾಲಿನ ಮೊದಲ ಪಂದ್ಯ ಅಂತ ಲೆಕ್ಕ ಹಿಡಿಯುತ್ತಾರೆ. ನಾವು ಹೋದಾಗ ಒಬ್ಬ ವಿದ್ಯಾರ್ಥಿ ಕಾರಿನ ಗಾಜಿನ ಮೇಲೆ ಹೆಪ್ಪುಗಟ್ಟಿದ್ದ ಮಂಜು ಕೆರೆಯುತ್ತಿದ್ದ. ಖಾಲಿ ಪಾರ್ಕಿಂಗ್ ಜಾಗದ ಫೋಟೋ ತೆಗೆಯುವ ನಮ್ಮನ್ನು ವಿಚಿತ್ರವಾಗಿ ನೋಡಿದ.

ನಾವು ಅಂದರೆ ನಾನು, ನನ್ನ ತಮ್ಮ, ನಾದಿನಿ, ಎಂಟನೇ ಕ್ಲಾಸಿನ ಅಳಿಯ. ತಮ್ಮನ ಮನೆ ಪಕ್ಕದ ಎಡಿಸನ್‌ನಲ್ಲಿ. ನವೆಂಬರ್ ಮೊದಲ ವಾರದಲ್ಲಿ ಟೀಚರ್‌ಗಳ ಸಮ್ಮೇಳನ ಅಂತ ನ್ಯೂಜೆರ್ಸಿಯ ಶಾಲೆಗಳಿಗೆ ಗುರುವಾರ, ಶುಕ್ರವಾರ ರಜೆ. ತಮ್ಮ ನಯಾಗರಾ ಅಂದ. ಅಳಿಯ ಫುಟ್‌ಬಾಲ್ ಅಂದ. ಜಲಪಾತ ಜೋಗದಲ್ಲೂ ಇದೆ ಅಂತ ನನ್ನ ಓಟು ಅಳಿಯನಿಗೆ ಹೋಯಿತು.

ಆ ಮೊದಲ ಪಂದ್ಯದ ವಿವರ ಓದಿದರೆ ಇವತ್ತಿನ ಆಟದ ಸುಳಿವೇ ಸಿಗುವುದಿಲ್ಲ. ಒಂದು ಕಡೆಗೆ 25 ಜನ. ಚೆಂಡು ದುಂಡಗೆ. ಅದನ್ನು ಹಿಡಿದು ಓಡುವಂತಿಲ್ಲ, ಎಸೆಯುವಂತಿಲ್ಲ. ಒದೆಯಬಹುದು, ಕೈಯಿಂದ ಬಡಿಯಬಹುದು, ಅಷ್ಟೇ. ಯೂನಿಫಾರ್ಮ್ ಇರಲಿಲ್ಲ, ಗುರುತಿಗೆ ರಟ್ಗರ್ಸ್‌ನವರು ತಲೆಗೆ ಕೆಂಪು ಬಟ್ಟೆ ಸುತ್ತಿಕೊಂಡಿದ್ದರು. ಸುಮಾರು ನೂರು ಜನ ನೋಡಲು ಬಂದಿದ್ದರು, ಕೆಲವರು ಬೇಲಿ ಏರಿ ಕೂತಿದ್ದರು. ಚೆಂಡಿನ ಹಿಂದೆ ಓಡಿದ ಇಬ್ಬರು ಆ ಬೇಲಿಗೇ ಗುದ್ದಿ, ಕೂತವರ ಸಮೇತ ಕೆಡವಿದರಂತೆ. ರಟ್ಗರ್ಸ್ 6–4ರಲ್ಲಿ ಗೆದ್ದಿತು. ವಾರ ಕಳೆದ ಮೇಲೆ ಪ್ರಿನ್ಸ್‌ಟನ್ ತನ್ನ ಊರಲ್ಲಿ 8–0 ಅಂತ ಸೇಡು ತೀರಿಸಿಕೊಂಡಿತು.

ಇಂಟರ್‌ಸ್ಟೇಟ್ 78 ಹಿಡಿದು ಪಶ್ಚಿಮಕ್ಕೆ ಹೊರಟೆವು. ಎಲೆ ಉದುರಿದ ಮರ, ಲಾರಿ, ಗೋದಾಮು, ಮತ್ತೆ ಲಾರಿ. ನೋಡುವಂಥದ್ದು ಜಾಸ್ತಿ ಇಲ್ಲದ ಕಾರಣ ಇತಿಹಾಸದ ಪಾಠ ಕಾರಲ್ಲೇ ನಡೆಯಿತು. ಚಿತ್ರಾನ್ನದ ಡಬ್ಬಿ ನನ್ನ ತೊಡೆ ಮೇಲೆ, ಫೋನು ಅಳಿಯನ ಕೈಯಲ್ಲಿ.

1874ರಲ್ಲಿ ಕೆನಡಾದ ಮೆಕ್‌ಗಿಲ್ ವಿಶ್ವವಿದ್ಯಾಲಯದವರು ಹಾರ್ವರ್ಡ್‌ಗೆ ಬಂದು ತಮ್ಮ ರಗ್ಬಿ ತೋರಿಸಿದರು. ಚೆಂಡು ಹಿಡಿದುಕೊಂಡು ಓಡುವ ಆಟ. ಹಾರ್ವರ್ಡ್‌ಗೆ ಹಿಡಿಸಿತು. ಎರಡು ವರ್ಷದೊಳಗೆ ಉಳಿದ ದೊಡ್ಡ ಕಾಲೇಜುಗಳೂ ಆ ಕಡೆ ವಾಲಿದವು. ಅಲ್ಲಿಗೆ ರಗ್ಬಿ ಆಡಿಕೊಂಡು ಸುಮ್ನೆ ಇರಬಹುದಿತ್ತು. ಆದರೆ ಯೇಲ್‌ನ ವಾಲ್ಟರ್ ಕ್ಯಾಂಪ್ ಅನ್ನುವ ವಿದ್ಯಾರ್ಥಿಗೆ, ಎಲ್ಲರೂ ಗುಂಪು ಕಟ್ಟಿ ಚೆಂಡಿಗೆ ಕಿತ್ತಾಡುವ ಆ ರೀತಿ ಸರಿ ಕಾಣಲಿಲ್ಲ. ಚೆಂಡು ಈಗ ಯಾರದ್ದು ಅನ್ನುವುದು ಮೊದಲೇ ಗೊತ್ತಿರಬೇಕು ಅಂತ ಅವನ ವಾದ. 1880ರಲ್ಲಿ ಅವನ ಮಾತು ನಡೆಯಿತು. ಚೆಂಡು ಒಂದೇ ತಂಡದ ವಶದಲ್ಲಿ, ಎರಡು ತಂಡಗಳ ನಡುವೆ ಒಂದು ಗೆರೆ, ಚೆಂಡನ್ನು ಹಿಂದಕ್ಕೆ ಕೊಟ್ಟ ಕ್ಷಣ ಆಟ ಶುರು. ಒಂದು ಕಡೆಗೆ 11 ಜನ ಅನ್ನುವುದೂ ಅದೇ ವರ್ಷ ಬಂತು.

ನಾನು ಹೈಸ್ಕೂಲಿನಲ್ಲಿ ಕಬಡ್ಡಿ ಆಡಿದವಳು, ಹಾಗಾಗಿ ಇದು ಬೇಗ ತಲೆಗೆ ಹತ್ತಿತು. ಗೆರೆ ಆಚೆ ಅವರು, ಈಚೆ ನಾವು. ಒಂದು ರೈಡ್, ಮುಗೀತು, ಎಲ್ಲರೂ ಜಾಗಕ್ಕೆ, ಇನ್ನೊಂದು ರೈಡ್. ಫುಟ್‌ಬಾಲೂ ಹಾಗೇ ತುಂಡು ತುಂಡಾಗಿ ನಡೆಯುತ್ತದೆ. ಇಲ್ಲಿ ಆ ಗೆರೆ ಒಂದೇ ಕಡೆ ನಿಲ್ಲುವುದಿಲ್ಲ, ಅಷ್ಟೇ ವ್ಯತ್ಯಾಸ.

ಕ್ಯಾಂಪ್‌ನ ನಿಯಮದಲ್ಲಿ ಒಂದು ದೊಡ್ಡ ತೂತು ಉಳಿದಿತ್ತು. ಚೆಂಡು ಸಿಕ್ಕವರು ಅದನ್ನು ಬಿಟ್ಟುಕೊಡಲೇಬೇಕು ಅಂತ ಎಲ್ಲೂ ಬರೆದಿರಲಿಲ್ಲ. 1881ರ ಪ್ರಿನ್ಸ್‌ಟನ್–ಯೇಲ್ ಪಂದ್ಯದಲ್ಲಿ ಮೊದಲರ್ಧ ಪೂರ್ತಿ ಪ್ರಿನ್ಸ್‌ಟನ್ ಚೆಂಡು ಹಿಡಿದುಕೊಂಡಿತು, ಎರಡನೇ ಅರ್ಧ ಪೂರ್ತಿ ಯೇಲ್. ಫಲಿತಾಂಶ 0–0. ದುಡ್ಡು ಕೊಟ್ಟು ಬಂದವರಿಗೆ ಹೇಗಾಗಿರಬೇಡ! ಮರುವರ್ಷವೇ ಹೊಸ ನಿಯಮ ಬಂತು: ಮೂರು ಪ್ರಯತ್ನದಲ್ಲಿ 5 ಗಜ ಮುಂದೆ ಹೋಗಿ, ಆಗದಿದ್ದರೆ ಚೆಂಡು ಕೊಡಿ. ಆ ಗಜ ಅಳೆಯಲೆಂದೇ ಮೈದಾನದ ಅಡ್ಡಕ್ಕೂ ಸುಣ್ಣದ ಗೆರೆಗಳು ಬಿದ್ದವು. 1906ರಲ್ಲಿ 5 ಗಜ 10 ಆಯಿತು, 1912ರಲ್ಲಿ ಮೂರು ಪ್ರಯತ್ನ ನಾಲ್ಕಾಯಿತು. ಒಂದೊಂದು ಪ್ರಯತ್ನಕ್ಕೆ ಡೌನ್ ಅಂತ ಹೆಸರು. ಇವತ್ತಿಗೂ ಅದೇ ಲೆಕ್ಕ: ನಾಲ್ಕು ಡೌನ್, ಹತ್ತು ಗಜ.

ಈ ಆಟವನ್ನು ಮೈದಾನದಲ್ಲಿ ಆಡಿದ್ದಕ್ಕಿಂತ ಜಾಸ್ತಿ ಮೀಟಿಂಗಿನಲ್ಲಿ ಕೂತು ಕಟ್ಟಿದ್ದಾರೆ ಅಂತ ನನಗೆ ಆಗಲೇ ಅನ್ನಿಸತೊಡಗಿತು. ಏನೋ ಎಡವಟ್ಟಾಗುತ್ತದೆ, ಸಭೆ ಸೇರುತ್ತಾರೆ, ನಿಯಮ ಬರೆಯುತ್ತಾರೆ. ಆಟಗಾರರು ಅದರಲ್ಲಿ ತೂತು ಹುಡುಕುತ್ತಾರೆ. ಮತ್ತೆ ಸಭೆ.

ಕೆಲವು ಎಡವಟ್ಟುಗಳಲ್ಲಿ ಜೀವ ಹೋಗುತ್ತಿತ್ತು. 1892ರಲ್ಲಿ ಹಾರ್ವರ್ಡ್ ಒಂದು ವ್ಯೂಹ ತಂದಿತು. ಆಟಗಾರರು ಎರಡು ಸಾಲಾಗಿ ದೂರದಿಂದ ಓಡಿಬಂದು, ಬಾಣದ ಮೊನೆಯಾಗಿ ಕೂಡಿಕೊಂಡು, ಎದುರಾಳಿಯ ಒಬ್ಬನ ಮೇಲೆ ಎರಗುವುದು. ಆಗ ಯಾರ ತಲೆ ಮೇಲೂ ಗಟ್ಟಿ ಹೆಲ್ಮೆಟ್ ಇರಲಿಲ್ಲ. ಎರಡು ವರ್ಷದಲ್ಲಿ ಅದನ್ನು ನಿಷೇಧಿಸಿದರೂ ಗುಂಪಾಗಿ ನುಗ್ಗುವುದು ಬೇರೆ ಬೇರೆ ರೂಪದಲ್ಲಿ ನಡೆದೇ ಇತ್ತು. 1905ರ ಒಂದೇ ಋತುವಿನಲ್ಲಿ ಹದಿನೆಂಟು ಸಾವುಗಳನ್ನು ಪತ್ರಿಕೆ ಎಣಿಸಿತು. ಅಧ್ಯಕ್ಷ ಥಿಯೋಡರ್ ರೂಸ್‌ವೆಲ್ಟ್ ಆ ಅಕ್ಟೋಬರಿನಲ್ಲಿ ಹಾರ್ವರ್ಡ್, ಯೇಲ್, ಪ್ರಿನ್ಸ್‌ಟನ್‌ನವರನ್ನು ಶ್ವೇತಭವನಕ್ಕೇ ಕರೆಸಿ ಮಾತಾಡಿದರು. 1906ರಲ್ಲಿ ಹೊಸ ನಿಯಮಗಳು ಬಂದವು. ಅದರಲ್ಲಿ ಒಂದು, ಚೆಂಡನ್ನು ಮುಂದಕ್ಕೆ ಎಸೆಯಬಹುದು ಅನ್ನುವುದು. ಆಟ ಮೈದಾನದ ತುಂಬ ಹರಡಿದರೆ ಒಂದೇ ಕಡೆ ರಾಶಿ ಬೀಳುವುದು ಕಡಿಮೆಯಾಗುತ್ತದೆ ಅನ್ನುವ ಲೆಕ್ಕಾಚಾರ. ಇವತ್ತು ಟೀವಿಯಲ್ಲಿ ನೋಡುವ ಉದ್ದುದ್ದ ಪಾಸ್‌ಗಳೆಲ್ಲ ಹುಟ್ಟಿದ್ದು ಹೀಗೆ, ಸಾವಿನ ಭಯದಿಂದ.

ಆ ಪಾಸನ್ನು ಮೊದಲು ಚೆನ್ನಾಗಿ ಪಳಗಿಸಿಕೊಂಡವರಲ್ಲಿ ಶ್ರೀಮಂತ ಕಾಲೇಜುಗಳ ಹೆಸರಿಲ್ಲ. ಮಧ್ಯಾಹ್ನ ನಾವು ತಲುಪಿದ ಕಾರ್ಲೈಲ್‌ನ ಹುಡುಗರ ಹೆಸರಿದೆ.

ಕಾರ್ಲೈಲ್ ಪೆನ್ಸಿಲ್ವೇನಿಯಾದ ಒಂದು ಅಚ್ಚುಕಟ್ಟಾದ ಊರು. 1879ರಿಂದ 1918ರವರೆಗೆ ಇಲ್ಲಿ ಅಮೆರಿಕದ ಮೂಲನಿವಾಸಿ ಮಕ್ಕಳ ಸರ್ಕಾರಿ ವಸತಿ ಶಾಲೆ ಇತ್ತು. ಶಾಲೆ ಅನ್ನಲು ನಾಲಿಗೆ ಬರುವುದಿಲ್ಲ. ಮಕ್ಕಳನ್ನು ಸಾವಿರಾರು ಮೈಲಿ ದೂರದಿಂದ ರೈಲಿನಲ್ಲಿ ತಂದು, ಕೂದಲು ಕತ್ತರಿಸಿ, ಹೆಸರು ಬದಲಿಸಿ, ಅವರ ಭಾಷೆ ಆಡದಂತೆ ತಡೆಯುತ್ತಿದ್ದರು. ಅವರೊಳಗಿನ ಇಂಡಿಯನ್ನನ್ನು ಕೊಂದು ಮನುಷ್ಯನನ್ನು ಉಳಿಸಬೇಕು ಅನ್ನುವುದು ಸ್ಥಾಪಕ ರಿಚರ್ಡ್ ಹೆನ್ರಿ ಪ್ರ್ಯಾಟ್‌ನ ಬಹಿರಂಗ ನೀತಿ. ಆ ಜಾಗ ಈಗ ಸೇನೆಯ ಆವರಣ. ಅಲ್ಲೇ ತೀರಿಕೊಂಡ ಮಕ್ಕಳ ಸಮಾಧಿಗಳು ಒಳಗಿವೆ. 2017ರಿಂದ ಕೆಲವರ ಅಸ್ಥಿಗಳನ್ನು ಅವರವರ ಜನ ಊರಿಗೆ ಒಯ್ಯುತ್ತಿದ್ದಾರೆ. ನನ್ನ ಪ್ರವಾಸಿ ವೀಸಾ ಹಿಡಿದು ಸೇನೆಯ ಗೇಟಿನಲ್ಲಿ ನಿಲ್ಲುವ ಉತ್ಸಾಹ ಯಾರಿಗೂ ಇರಲಿಲ್ಲ. ಊರಿನ ಇತಿಹಾಸ ಸಂಘದ ಮ್ಯೂಸಿಯಂಗೆ ಹೋದೆವು.

ಅಲ್ಲಿ ಹಳೇ ಫೋಟೋಗಳ ಮುಂದೆ ತುಂಬ ಹೊತ್ತು ನಿಂತೆ. ಈ ಹುಡುಗರು ಸಂಖ್ಯೆಯಲ್ಲಿ ಕಡಿಮೆ, ತೂಕದಲ್ಲಿ ಹಗುರ. ಕೋಚ್ ಪಾಪ್ ವಾರ್ನರ್ ಅವರಿಗೆ ಬುದ್ಧಿಯ ಆಟ ಕಲಿಸಿದ. 1903ರಲ್ಲಿ ಹಾರ್ವರ್ಡ್ ವಿರುದ್ಧ ಒಬ್ಬ ಆಟಗಾರನ ಜೆರ್ಸಿಯ ಬೆನ್ನೊಳಗೆ ಚೆಂಡು ತುರುಕಿ ಮೈದಾನದ ಆ ತುದಿಯವರೆಗೆ ಓಡಿಸಿದರು. ಚೆಂಡು ಎಲ್ಲಿದೆ ಅಂತ ಹಾರ್ವರ್ಡ್‌ನವರು ಹುಡುಕುತ್ತಲೇ ಇದ್ದರು. ಪಂದ್ಯ ಹಾರ್ವರ್ಡ್ 12–11ರಲ್ಲಿ ಗೆದ್ದಿತು ಅನ್ನುವುದು ಬೇರೆ ಮಾತು. ಪಾಸ್ ಬಂದ ಮರುವರ್ಷ, 1907ರಲ್ಲಿ, ಬಲಾಢ್ಯ ಪೆನ್ಸಿಲ್ವೇನಿಯಾ ವಿಶ್ವವಿದ್ಯಾಲಯವನ್ನು 26–6ರಲ್ಲಿ ಸೋಲಿಸಿದರು. 1911ರಲ್ಲಿ ಹಾರ್ವರ್ಡ್ ಕೂಡ ಬಿತ್ತು, 18–15. ಆ ಪಂದ್ಯದಲ್ಲಿ ನಾಲ್ಕು ಫೀಲ್ಡ್ ಗೋಲ್ (ಚೆಂಡನ್ನು ಕಂಬಗಳ ನಡುವೆ ಒದೆಯುವುದು) ಒದ್ದವನು ಸ್ಯಾಕ್ ಆಂಡ್ ಫಾಕ್ಸ್ ಜನಾಂಗದ ಜಿಮ್ ಥಾರ್ಪ್. ಮರುವರ್ಷ ಸ್ಟಾಕ್‌ಹೋಮ್ ಒಲಿಂಪಿಕ್ಸ್‌ನಲ್ಲಿ ಪೆಂಟಾಥ್ಲಾನ್, ಡೆಕಾಥ್ಲಾನ್ ಎರಡರಲ್ಲೂ ಚಿನ್ನ ಗೆದ್ದವನೂ ಅವನೇ. ಅದೇ ನವೆಂಬರಿನಲ್ಲಿ ಕಾರ್ಲೈಲ್ ಸೇನಾ ಅಕಾಡೆಮಿಯ ತಂಡವನ್ನು 27–6ರಲ್ಲಿ ಸೋಲಿಸಿತು. ಸೋತ ತಂಡದಲ್ಲಿ ಮುಂದೆ ದೇಶದ ಅಧ್ಯಕ್ಷನಾದ ಐಸೆನ್‌ಹೋವರ್ ಇದ್ದ.

ದುಡ್ಡಿಗಾಗಿ ಒಂದಿಷ್ಟು ಬೇಸ್‌ಬಾಲ್ ಆಡಿದ್ದ ಅನ್ನುವ ಕಾರಣಕ್ಕೆ ಥಾರ್ಪ್‌ನ ಪದಕಗಳನ್ನು 1913ರಲ್ಲಿ ಕಿತ್ತುಕೊಂಡರು. ಅವನೊಬ್ಬನೇ ವಿಜೇತ ಅಂತ ದಾಖಲೆ ಪೂರ್ತಿ ಸರಿಯಾಗಿದ್ದು 2022ರಲ್ಲಿ. ಅವನು ಸತ್ತು ಆಗಲೇ 69 ವರ್ಷ ಆಗಿತ್ತು. "ಇಷ್ಟು ವರ್ಷ ಏನು ಮಾಡ್ತಿದ್ರು ಅತ್ತೆ?" ಅಂದ ಅಳಿಯ. ನನ್ನ ಹತ್ತಿರ ಉತ್ತರ ಇರಲಿಲ್ಲ.

ಶುಕ್ರವಾರ: ಪಿಟ್ಸ್‌ಬರ್ಗ್, ಮ್ಯಾಸಿಲನ್

ಬೆಳಿಗ್ಗೆ ಪೆನ್ಸಿಲ್ವೇನಿಯಾ ಟರ್ನ್‌ಪೈಕ್ ಹತ್ತಿದೆವು. ಬೆಟ್ಟ, ಸುರಂಗ, ಟೋಲ್. ಪಿಟ್ಸ್‌ಬರ್ಗ್‌ನಲ್ಲಿ ಊಟಕ್ಕೆ ಮಾತ್ರ ನಿಂತೆವು. ನದಿಯಾಚೆ ಸ್ಟೀಲರ್ಸ್ ತಂಡದ ಸ್ಟೇಡಿಯಂ ಇರುವ ಕಡೆಯೇ 1892ರ ನವೆಂಬರ್ 12ರಂದು ಒಂದು ಪಂದ್ಯ ನಡೆದಿತ್ತು. ಅಲೆಘೇನಿ ಕ್ಲಬ್ಬಿನವರು ಯೇಲ್‌ನ ಮಾಜಿ ಆಟಗಾರ ಪಡ್ಜ್ ಹೆಫೆಲ್‌ಫಿಂಗರ್‌ಗೆ ಗುಟ್ಟಾಗಿ 500 ಡಾಲರ್ ಕೊಟ್ಟು ಆಡಿಸಿದರು. ದುಡ್ಡು ಪಡೆದು ಫುಟ್‌ಬಾಲ್ ಆಡಿದ್ದಕ್ಕೆ ಸಿಕ್ಕಿರುವ ಮೊದಲ ದಾಖಲೆ ಅದೇ. ಅವನು ದುಡ್ಡಿಗೆ ಮೋಸ ಮಾಡಲಿಲ್ಲ. ಪಂದ್ಯ 4–0, ಅಂಕ ಗಳಿಸಿದ್ದು ಅವನೊಬ್ಬನೇ. ಚೆಂಡನ್ನು ಎದುರಾಳಿಯ ತುದಿಗೆ ಒಯ್ಯುವ ಟಚ್‌ಡೌನ್‌ಗೆ ಆಗ 4 ಅಂಕ ಇತ್ತು. ಥಾರ್ಪ್‌ನ ಪದಕ ಹೋಗಿದ್ದು ಚಿಲ್ಲರೆ ಕಾಸಿಗೆ ಅನ್ನುವುದು ಇಲ್ಲಿ ನಿಂತಾಗ ಇನ್ನಷ್ಟು ಚುಚ್ಚಿತು.

ಸಂಜೆಗೆ ಓಹಾಯೋದ ಮ್ಯಾಸಿಲನ್. ಜನಸಂಖ್ಯೆ ಮೂವತ್ತು ಸಾವಿರದ ಆಸುಪಾಸು. ಹೈಸ್ಕೂಲ್ ಸ್ಟೇಡಿಯಂನಲ್ಲಿ ಹದಿನಾರು ಸಾವಿರಕ್ಕೂ ಜಾಸ್ತಿ ಸೀಟು! ಊರಿನ ಅರ್ಧ ಜನ ಕೂರಬಹುದು. ಇಲ್ಲಿ ಗಂಡು ಮಗು ಹುಟ್ಟಿದರೆ ತಂಡದ ಅಭಿಮಾನಿಗಳ ಬೂಸ್ಟರ್ ಕ್ಲಬ್ಬಿನವರು ಆಸ್ಪತ್ರೆಯ ತೊಟ್ಟಿಲಿಗೆ ಒಂದು ಪುಟ್ಟ ಫುಟ್‌ಬಾಲ್ ಇಡುವ ಪದ್ಧತಿ ಇದೆ. ಪಕ್ಕದ ಕ್ಯಾಂಟನ್ ಮೆಕಿನ್ಲಿ ಹೈಸ್ಕೂಲಿನ ಜೊತೆ ಇವರ ಜಿದ್ದು 1894ರಿಂದ ನಡೆದುಕೊಂಡು ಬಂದಿದೆ. ನಾವು ಹೋದ ದಿನ ಬೇರೆ ಊರಿನ ಶಾಲೆಯ ಜೊತೆ ಪ್ಲೇಆಫ್, ಅಂದರೆ ಸೋತವರು ಹೊರಗೆ ಹೋಗುವ ಪಂದ್ಯ. ಐದೂವರೆಗೇ ಪೂರ್ತಿ ಕತ್ತಲು, ಮೂಳೆ ಕೊರೆಯುವ ಚಳಿ, ಅಷ್ಟು ದೂರದಿಂದಲೇ ಕಾಣುವ ಫ್ಲಡ್‌ಲೈಟ್. ಕಿತ್ತಳೆ ಬಣ್ಣದ ಟೋಪಿ ಹಾಕಿದ ಅಜ್ಜ ಅಜ್ಜಿಯರು ಕಂಬಳಿ ಹೊತ್ತು ಬರುತ್ತಿದ್ದರು.

ನಮಗೆ ಸಿಕ್ಕಿದ್ದು ನಡುಮೈದಾನದ ಹತ್ತಿರ, ಕೆಳಗಿನ ಸಾಲು. ಟೀವಿಯಲ್ಲಿ ತಿಳಿಯದ್ದು ಇಲ್ಲಿ ತಿಳಿಯಿತು. ಮೊದಲನೆಯದು ಸದ್ದು. ಭುಜಕವಚಕ್ಕೆ ಭುಜಕವಚ ಬಡಿದಾಗ ಮರದ ಹಲಗೆ ಬಿದ್ದ ಹಾಗೆ ಕೇಳುತ್ತದೆ. ಎರಡನೆಯದು, ಚೆಂಡಿನ ಹತ್ತಿರವೂ ಹೋಗದ ಹುಡುಗರ ಕೆಲಸ. ಚೆಂಡು ಇರುವ ತಂಡದಲ್ಲಿ ನಡುವಿನ ಸೆಂಟರ್ ಅದನ್ನು ಕಾಲ ಸಂದಿಯಿಂದ ಹಿಂದಕ್ಕೆ ಕ್ವಾರ್ಟರ್‌ಬ್ಯಾಕ್‌ಗೆ ಕೊಡುತ್ತಾನೆ. ಕ್ವಾರ್ಟರ್‌ಬ್ಯಾಕ್ ಅದನ್ನು ಎಸೆಯುತ್ತಾನೆ, ಇಲ್ಲ ಓಡುವವನ ಹೊಟ್ಟೆಗೆ ಒತ್ತುತ್ತಾನೆ, ಇಲ್ಲ ತಾನೇ ಓಡುತ್ತಾನೆ. ಅವನಿಗೆ ಆ ಎರಡು ಮೂರು ಸೆಕೆಂಡ್ ಕೊಡಿಸುವುದೇ ಮುಂದಿನ ಸಾಲಿನ ಐದು ದಪ್ಪ ಹುಡುಗರ ಇಡೀ ರಾತ್ರಿಯ ಕೆಲಸ. ಅವರ ಹೆಸರು ಮೈಕಿನಲ್ಲಿ ಬರುವುದು ತಪ್ಪು ಮಾಡಿದಾಗ ಮಾತ್ರ.

ಪ್ರತಿ ಡೌನ್‌ಗೆ ಮುಂಚೆ ಆಟಗಾರರು ವೃತ್ತವಾಗಿ ತಲೆ ಬಗ್ಗಿಸಿ ಗುಸುಗುಸು ಮಾಡುತ್ತಾರಲ್ಲ, ಆ ಹಡಲ್‌ನ ಹುಟ್ಟನ್ನು ಕಿವುಡರ ಕಾಲೇಜಿಗೆ ಸಲ್ಲಿಸುತ್ತಾರೆ. 1890ರ ದಶಕದಲ್ಲಿ ವಾಷಿಂಗ್ಟನ್ನಿನ ಗ್ಯಾಲಡೆಟ್‌ನ ಕ್ವಾರ್ಟರ್‌ಬ್ಯಾಕ್ ಪಾಲ್ ಹಬರ್ಡ್, ತನ್ನ ಸನ್ನೆಭಾಷೆ ಎದುರಾಳಿಗೆ ಕಾಣದಿರಲಿ ಅಂತ ಎಲ್ಲರನ್ನೂ ಸುತ್ತ ನಿಲ್ಲಿಸಿಕೊಂಡನಂತೆ. ಎದುರಾಳಿಯೂ ಕಿವುಡರ ಶಾಲೆಯವರಾದರೆ ಸನ್ನೆ ಓದಿಬಿಡುತ್ತಾರಲ್ಲ!

ನನಗೆ ತುಂಬ ಇಷ್ಟವಾಗಿದ್ದು ಸರಪಳಿ. ಮೈದಾನದ ಅಂಚಿನಲ್ಲಿ ಮೂರು ನಾಲ್ಕು ಜನ ಕೋಲು ಹಿಡಿದು ಓಡಾಡುತ್ತಿರುತ್ತಾರೆ. ಎರಡು ಕೋಲುಗಳ ನಡುವೆ ಸರಿಯಾಗಿ ಹತ್ತು ಗಜದ ಸರಪಳಿ. ಆಟದಲ್ಲಿ ಅನುಮಾನ ಬಂದರೆ ಅದನ್ನು ಮೈದಾನದ ನಡುವಿಗೆ ಹೊತ್ತು ತರುತ್ತಾರೆ. ಎರಡನೇ ಕ್ವಾರ್ಟರಿನಲ್ಲಿ (ಪಂದ್ಯಕ್ಕೆ ನಾಲ್ಕು ಕ್ವಾರ್ಟರ್) ನಮ್ಮ ಎದುರೇ ಹಾಗಾಯಿತು. ಒಂದು ಕೋಲು ನೆಟ್ಟರು, ಸರಪಳಿ ಎಳೆದು ಬಿಗಿ ಮಾಡಿದರು, ಇಡೀ ಸ್ಟೇಡಿಯಂ ಎದ್ದು ನಿಂತಿತು. ಚೆಂಡಿನ ಮೂತಿ ಕೋಲಿಗಿಂತ ಒಂದು ಬೆರಳು ಹಿಂದೆ. ರೆಫರಿ ಎರಡು ಕೈ ಮೇಲೆತ್ತಿ ಅಂಗೈಗಳ ನಡುವಿನ ಅಂತರ ತೋರಿಸಿದ. ನಮ್ಮ ಹಿಂದಿನ ಸಾಲಿನ ಅಜ್ಜಿ ಬಾಯಿಗೆ ಬಂದ ಹಾಗೆ ಬೈದರು. ತಮಾಷೆ ಏನೆಂದರೆ, ಆ ಚೆಂಡನ್ನು ಅಲ್ಲಿ ಇಟ್ಟಿದ್ದು ರೆಫರಿ, ಬರೀ ಕಣ್ಣಂದಾಜಿನಲ್ಲಿ. ಕಣ್ಣಂದಾಜಿನಲ್ಲಿ ಇಟ್ಟು ಆಮೇಲೆ ಬೆರಳಂತರಕ್ಕೆ ಅಳೆಯುವುದು! ವೃತ್ತಿಪರರ ದೊಡ್ಡ ಲೀಗ್ ಎನ್‌ಎಫ್‌ಎಲ್‌ನಲ್ಲಿ 2025ರಿಂದ ಈ ಅಳತೆಗೆ ಕ್ಯಾಮೆರಾ ಬಂದಿದೆ. ಅಲ್ಲಿ ಈ ಸುಖ ಇಲ್ಲ.

ಅಂಕದ ಲೆಕ್ಕ ಕಷ್ಟವೇನಲ್ಲ. ಚೆಂಡನ್ನು ತುದಿಯ ಎಂಡ್ ಝೋನ್‌ಗೆ ಒಯ್ದರೆ ಅಥವಾ ಅಲ್ಲೇ ಕ್ಯಾಚ್ ಹಿಡಿದರೆ ಟಚ್‌ಡೌನ್, 6 ಅಂಕ. ಆಮೇಲೆ ಕಂಬಗಳ ನಡುವೆ ಒದ್ದರೆ 1, ಇಲ್ಲ ಮತ್ತೊಮ್ಮೆ ಎಂಡ್ ಝೋನ್ ಸೇರಿದರೆ 2. ಟಚ್‌ಡೌನ್ ಆಗುವ ಹಾಗೆ ಕಾಣದಿದ್ದರೆ ಇದ್ದಲ್ಲಿಂದ ಒದ್ದು ಫೀಲ್ಡ್ ಗೋಲ್, 3. ಚೆಂಡು ಹಿಡಿದವನನ್ನು ಅವನ ಎಂಡ್ ಝೋನಿನಲ್ಲೇ ಕೆಡವಿದರೆ ಎದುರಾಳಿಗೆ 2. ನಾಲ್ಕನೇ ಡೌನ್‌ನಲ್ಲಿ ಏನು ಮಾಡಬೇಕು ಅನ್ನುವುದೇ ತಲೆನೋವು. ಒದ್ದು ಚೆಂಡನ್ನು ದೂರ ಕಳಿಸುವುದೋ, ಧೈರ್ಯ ಮಾಡಿ ನುಗ್ಗುವುದೋ? ಕೋಚ್ ಯಾವುದು ಮಾಡಿದರೂ ನಮ್ಮ ಹಿಂದಿನ ಅಜ್ಜಿಗೆ ಇನ್ನೊಂದು ಸರಿ ಕಾಣುತ್ತಿತ್ತು.

ವಿರಾಮದಲ್ಲಿ ಬ್ಯಾಂಡ್ ನುಡಿಸಿತು. ಕೈ ಬೆಚ್ಚಗಾಗಲಿ ಅಂತ ಹಾಟ್ ಚಾಕೊಲೇಟ್ ಕುಡಿದೆವು. ಮೂರನೇ ಕ್ವಾರ್ಟರಿನಲ್ಲಿ ಒಬ್ಬ ಹುಡುಗ ಬಿದ್ದವನು ಏಳಲಿಲ್ಲ. ಎರಡೂ ತಂಡದವರು ಒಂದು ಮಂಡಿಯೂರಿ ಕೂತರು, ಬ್ಯಾಂಡ್ ನಿಂತಿತು. ಸ್ವಲ್ಪ ಹೊತ್ತಿಗೆ ಅವನು ಇಬ್ಬರ ಹೆಗಲ ಮೇಲೆ ಕೈ ಹಾಕಿ ನಡೆದುಹೋದ, ಎಲ್ಲರೂ ಚಪ್ಪಾಳೆ ತಟ್ಟಿದರು. ನಾದಿನಿ ತಟ್ಟಲಿಲ್ಲ. "ಅಕ್ಕಾ, ಇವನು ಮುಂದಿನ ವರ್ಷ ಹೈಸ್ಕೂಲ್ ಟೀಮ್ ಸೇರ್ತೀನಿ ಅಂತಿದಾನೆ. ನೀವೇ ಹೇಳಿ ಅವನಿಗೆ," ಅಂದರು. ಅಳಿಯ ಕೇಳಿಸದವನ ಹಾಗೆ ಸ್ಕೋರ್‌ಬೋರ್ಡ್ ನೋಡುತ್ತಿದ್ದ.

ಶನಿವಾರ: ಕ್ಯಾಂಟನ್

ಕ್ಯಾಂಟನ್‌ನಲ್ಲಿ ವೃತ್ತಿಪರ ಫುಟ್‌ಬಾಲಿನ ದಿಗ್ಗಜರ ಮ್ಯೂಸಿಯಂ ಆದ ಹಾಲ್ ಆಫ್ ಫೇಮ್ ಇರಲು ಕಾರಣ ಒಂದು ಕಾರಿನ ಶೋರೂಮ್. 1920ರ ಹೊತ್ತಿಗೆ ಓಹಾಯೋದ ಊರೂರಿನ ವೃತ್ತಿಪರ ತಂಡಗಳು ಒಬ್ಬರ ಆಟಗಾರರನ್ನು ಇನ್ನೊಬ್ಬರು ಎಳೆದುಕೊಳ್ಳುತ್ತಿದ್ದವು. ಸಂಬಳ ಏರುತ್ತಲೇ ಇತ್ತು, ಕಾಲೇಜು ಹುಡುಗರು ಸುಳ್ಳು ಹೆಸರಲ್ಲಿ ಬಂದು ಆಡುತ್ತಿದ್ದರು. ಸೆಪ್ಟೆಂಬರ್ 17ರಂದು ಕ್ಯಾಂಟನ್ ಬುಲ್‌ಡಾಗ್ಸ್ ತಂಡದ ಮಾಲೀಕ ರಾಲ್ಫ್ ಹೇ ತನ್ನ ಹಪ್‌ಮೊಬೈಲ್ ಕಾರಿನ ಶೋರೂಮಿನಲ್ಲಿ ಎಲ್ಲರನ್ನೂ ಸೇರಿಸಿದ. ಕುರ್ಚಿ ಸಾಲಲಿಲ್ಲ. ಮಾರಾಟಕ್ಕಿಟ್ಟ ಕಾರುಗಳ ಫುಟ್‌ಬೋರ್ಡ್ ಮೇಲೆ ಕೂತು, ಬಕೆಟ್ಟಿನಲ್ಲಿಟ್ಟ ಬಿಯರ್ ಕುಡಿಯುತ್ತ ಲೀಗ್ ಕಟ್ಟಿದರು. ಒಂದೊಂದು ತಂಡಕ್ಕೆ 100 ಡಾಲರ್ ಶುಲ್ಕ ಅಂತ ಬರೆದುಕೊಂಡರು. ಯಾರೂ ಕೊಟ್ಟಂತಿಲ್ಲ. ಅಧ್ಯಕ್ಷನಾಗಿ ಆರಿಸಿದ್ದು ಜಿಮ್ ಥಾರ್ಪ್‌ನನ್ನು. ಪಂದ್ಯಕ್ಕೆ 250 ಡಾಲರ್ ಕೊಟ್ಟು 1915ರಲ್ಲೇ ಕ್ಯಾಂಟನ್ ಅವನನ್ನು ಕರೆಸಿಕೊಂಡಿತ್ತು. ಆಡಳಿತ ಅವನಿಗೆ ಒಗ್ಗುವ ಕೆಲಸವಲ್ಲ. ಆದರೆ ಪೇಪರಿನಲ್ಲಿ ಹೆಸರು ಬರಬೇಕಿತ್ತಲ್ಲ. 1922ರಲ್ಲಿ ಆ ಲೀಗ್ ಎನ್‌ಎಫ್‌ಎಲ್ ಅಂತ ಹೆಸರು ಬದಲಿಸಿತು. 1920ರ ತಂಡಗಳಲ್ಲಿ ಇವತ್ತಿಗೂ ಉಳಿದಿರುವುದು ಎರಡೇ, ಬೇರ್ಸ್ ಮತ್ತು ಕಾರ್ಡಿನಲ್ಸ್.

1963ರಲ್ಲಿ ತೆರೆದ ಹಾಲ್ ಆಫ್ ಫೇಮ್‌ನ ಒಳಗೆ ಹೋದ ಕೂಡಲೇ ಥಾರ್ಪ್‌ನ ಕಂಚಿನ ಪ್ರತಿಮೆ. ಮೊನ್ನೆ ಫೋಟೋದಲ್ಲಿ ಕಂಡ ಹುಡುಗ ಇಲ್ಲಿ ಏಳಡಿ ಎತ್ತರ. ಹೆಫೆಲ್‌ಫಿಂಗರ್‌ಗೆ 500 ಡಾಲರ್ ಕೊಟ್ಟ ಲೆಕ್ಕದ ಹಾಳೆಯೂ ಈ ಮ್ಯೂಸಿಯಂನ ಸ್ವತ್ತು. ಗುಟ್ಟಾಗಿ ಬರೆದಿಟ್ಟ ಖರ್ಚು ಈಗ ಗಾಜಿನ ಹಿಂದೆ. ಹೆಲ್ಮೆಟ್‌ಗಳ ಸಾಲು ನೋಡುತ್ತ ಹೋದರೆ ಮೊದಲು ಮೆತ್ತನೆ ತೊಗಲು, ಆಮೇಲೆ ಪ್ಲಾಸ್ಟಿಕ್, ಆಮೇಲೆ ಮುಖದ ಮುಂದೆ ಸರಳು. ಎನ್‌ಎಫ್‌ಎಲ್‌ನಲ್ಲಿ ಹೆಲ್ಮೆಟ್ ಕಡ್ಡಾಯವಾಗಿದ್ದು 1943ರಲ್ಲಿ, ಅಂದರೆ ಲೀಗ್ ಶುರುವಾಗಿ ಇಪ್ಪತ್ಮೂರು ವರ್ಷ ಆದ ಮೇಲೆ.

ಕಂಚಿನ ಮುಖಗಳ ಗ್ಯಾಲರಿಯಲ್ಲಿ ಬೆಳಕು ಕಡಿಮೆ. 370ಕ್ಕೂ ಜಾಸ್ತಿ ತಲೆಗಳು ಸಾಲಾಗಿ. ಎಲ್ಲವನ್ನೂ ನೋಡುವ ತಾಳ್ಮೆ ನನಗಿಲ್ಲ, ಮೂರು ನಾಲ್ಕನ್ನು ಹುಡುಕಿಕೊಂಡು ಹೋದೆ. ಒಂದು ಮೇರಿಯನ್ ಮಾಟ್ಲಿ. ಇದೇ ಕ್ಯಾಂಟನ್‌ನಲ್ಲಿ ಬೆಳೆದವನು, ಮೆಕಿನ್ಲಿ ಹೈಸ್ಕೂಲಿಗೆ ಆಡಿದವನು. 1934ರಿಂದ 1945ರವರೆಗೆ ಎನ್‌ಎಫ್‌ಎಲ್‌ನಲ್ಲಿ ಒಬ್ಬನೇ ಒಬ್ಬ ಕಪ್ಪು ಆಟಗಾರ ಇರಲಿಲ್ಲ. ಹಾಗಂತ ಎಲ್ಲೂ ನಿಯಮ ಬರೆದಿರಲಿಲ್ಲ. ಅಷ್ಟೊಂದು ಸಭೆ ಸೇರುವ ಜನ ಇದನ್ನು ಮಾತ್ರ ಬರೆಯದೆಯೇ ಪಾಲಿಸಿದರು. 1946ರಲ್ಲಿ ಲಾಸ್ ಏಂಜಲಿಸ್ ರ್‍ಯಾಮ್ಸ್ ತಂಡ ಕೆನ್ನಿ ವಾಷಿಂಗ್ಟನ್, ವುಡಿ ಸ್ಟ್ರೋಡ್ ಇಬ್ಬರನ್ನು ಸೇರಿಸಿಕೊಂಡಿತು. ಅದೇ ವರ್ಷ ಎಎಎಫ್‌ಸಿ ಅನ್ನುವ ಪೈಪೋಟಿ ಲೀಗಿನಲ್ಲಿ ಕ್ಲೀವ್‌ಲ್ಯಾಂಡ್ ಬ್ರೌನ್ಸ್ ತಂಡಕ್ಕೆ ಬಿಲ್ ವಿಲಿಸ್ ಮತ್ತು ಮಾಟ್ಲಿ ಬಂದರು. ಅವರನ್ನು ಕರೆತಂದ ಕೋಚ್ ಪಾಲ್ ಬ್ರೌನ್, ಮ್ಯಾಸಿಲನ್ ಹೈಸ್ಕೂಲಿನ ಹಳೇ ಕೋಚ್. ಹೈಸ್ಕೂಲಿನಲ್ಲಿ ತನ್ನ ತಂಡದ ಎದುರು ಆಡಿದ್ದ ಮಾಟ್ಲಿಯನ್ನು ಅವನು ಮರೆತಿರಲಿಲ್ಲ. ಬ್ರೌನ್ಸ್ ಆ ಲೀಗಿನ ನಾಲ್ಕೂ ಪ್ರಶಸ್ತಿ ಗೆದ್ದು, 1950ರಲ್ಲಿ ಎನ್‌ಎಫ್‌ಎಲ್‌ಗೆ ಬಂದು ಮೊದಲ ವರ್ಷವೇ ಅಲ್ಲೂ ಗೆದ್ದಿತು.

ಟೀವಿಯ ಕಥೆ ನನಗೆ ಅಷ್ಟು ಹಿಡಿಸಲಿಲ್ಲ, ಆದರೂ ಇವತ್ತಿನ ಶ್ರೀಮಂತಿಕೆ ಬಂದಿದ್ದು ಅಲ್ಲಿಂದಲೇ. 1958ರ ಫೈನಲ್‌ನಲ್ಲಿ ಬಾಲ್ಟಿಮೋರ್ ಕೋಲ್ಟ್ಸ್ ಹೆಚ್ಚುವರಿ ಸಮಯದಲ್ಲಿ ನ್ಯೂಯಾರ್ಕ್ ಜೈಂಟ್ಸ್ ತಂಡವನ್ನು 23–17ರಲ್ಲಿ ಸೋಲಿಸಿದ್ದನ್ನು ದೇಶವೇ ಟೀವಿಯಲ್ಲಿ ನೋಡಿತು. ಮೂರು ವರ್ಷ ಕಳೆದ ಮೇಲೆ ಟೀವಿ ಹಕ್ಕನ್ನು ಒಟ್ಟಿಗೆ ಮಾರಿ, ಬಂದ ದುಡ್ಡನ್ನು ಎಲ್ಲ ತಂಡಗಳೂ ಸಮನಾಗಿ ಹಂಚಿಕೊಳ್ಳುವ ವ್ಯವಸ್ಥೆ ಬಂತು. ನ್ಯೂಯಾರ್ಕಿಗೂ ಒಂದೇ ಪಾಲು, ಗ್ರೀನ್ ಬೇ ಅನ್ನುವ ಸಣ್ಣ ಊರಿಗೂ ಒಂದೇ ಪಾಲು. ಬಂಡವಾಳಶಾಹಿ ದೇಶದ ದೊಡ್ಡ ಆಟ ನಡೆಯುವುದು ಹೀಗೆ ಹಂಚಿ ತಿನ್ನುವ ಲೆಕ್ಕದಲ್ಲಿ ಅಂದರೆ ನಗು ಬರುತ್ತದೆ, ಅಲ್ವಾ? ಋತುವಿನ ಕೊನೆಯ ದೊಡ್ಡ ಫೈನಲ್ ಆದ ಸೂಪರ್ ಬೌಲ್ ಮೊದಲ ಸಲ ನಡೆದಿದ್ದು 1967ರ ಜನವರಿ 15ರಂದು. ಗೆದ್ದಿದ್ದು ಆ ಸಣ್ಣ ಊರೇ.

ಮೈಕ್ ವೆಬ್‌ಸ್ಟರ್‌ನ ಕಂಚಿನ ಮುಖದ ಮುಂದೆ ನಾದಿನಿ ಮೊದಲೇ ನಿಂತಿದ್ದರು. ಪಿಟ್ಸ್‌ಬರ್ಗ್ ಸ್ಟೀಲರ್ಸ್‌ನ ಸೆಂಟರ್, ನಾಲ್ಕು ಸೂಪರ್ ಬೌಲ್ ಗೆದ್ದವನು. ನಿನ್ನೆ ನಾವು ನೋಡಿದ, ಚೆಂಡು ಹಿಂದಕ್ಕೆ ಕೊಟ್ಟು ಎದುರಿನವನಿಗೆ ತಲೆ ಕೊಡುವ ಜಾಗ ಅದು. ನಿವೃತ್ತಿಯಾದ ಮೇಲೆ ಮರೆವು, ಮಂಕು, ಇರಲು ಮನೆಯಿಲ್ಲದ ದಿನಗಳು. 2002ರಲ್ಲಿ ಸತ್ತಾಗ ಐವತ್ತೇ ವರ್ಷ. ಶವಪರೀಕ್ಷೆ ಮಾಡಿದ ನೈಜೀರಿಯಾ ಮೂಲದ ಡಾಕ್ಟರ್ ಬೆನೆಟ್ ಒಮಾಲು ಆ ಮಿದುಳಿನಲ್ಲಿ ಸಿಟಿಇ ಅನ್ನುವ ಕಾಯಿಲೆ ಕಂಡು 2005ರಲ್ಲಿ ಪ್ರಕಟಿಸಿದರು. ಪದೇ ಪದೇ ತಲೆಗೆ ಬೀಳುವ ಪೆಟ್ಟಿನಿಂದ ಬರುವ ಕಾಯಿಲೆ. ಒಂದೇ ದೊಡ್ಡ ಪೆಟ್ಟು ಬೇಕಿಲ್ಲ, ಚಿಕ್ಕವು ಸಾವಿರ ಬಿದ್ದರೂ ಸಾಕು. ಲೀಗಿನ ಡಾಕ್ಟರುಗಳು ಮೊದಲು ಆ ಲೇಖನವನ್ನೇ ವಾಪಸ್ ತೆಗೆದುಕೊಳ್ಳಿ ಅಂದರು. ಆಮೇಲೆ ಸಾವಿರಾರು ಮಾಜಿ ಆಟಗಾರರು ಕೋರ್ಟಿಗೆ ಹೋದರು, ಪರಿಹಾರ ಕೊಡಬೇಕಾಯಿತು, ತಲೆಯಿಂದ ಗುದ್ದುವುದರ ವಿರುದ್ಧ ನಿಯಮಗಳು ಬಿಗಿಯಾದವು.

"ಕಬಡ್ಡಿಯಲ್ಲಿ ನನಗೂ ಮಂಡಿ ಒಡೆದಿತ್ತು. ಮಂಡಿ ವಾಸಿಯಾಯ್ತು. ಇದು ವಾಸಿಯಾಗೋದಲ್ಲ ಪುಟ್ಟ," ಅಂದೆ ಅಳಿಯನಿಗೆ. ನನಗೆ ಗೊತ್ತಿದ್ದದ್ದು ಅಷ್ಟೇ. ಅವನು ಏನೂ ಹೇಳದೆ ಮುಂದಿನ ಸಾಲಿಗೆ ಹೋದ. ಶನಿವಾರ ಕಾಲೇಜು ಪಂದ್ಯಗಳ ದಿನ. ಮಧ್ಯಾಹ್ನದಿಂದ ರಾತ್ರಿವರೆಗೆ ಹೋಟೆಲಿನ ಟೀವಿಯಲ್ಲಿ ಒಂದಾದ ಮೇಲೊಂದು. ಆ ರೂಮಿನಲ್ಲಿ ಬೇರೆ ಮಾತೇ ಆಗಲಿಲ್ಲ.

ಭಾನುವಾರ: ಕ್ಲೀವ್‌ಲ್ಯಾಂಡ್

ಈರೀ ಸರೋವರದ ದಡದಲ್ಲಿ ಬ್ರೌನ್ಸ್‌ನ ಸ್ಟೇಡಿಯಂ. ಪಂದ್ಯ ಒಂದು ಗಂಟೆಗೆ, ಜನ ಬೆಳಿಗ್ಗೆ ಎಂಟಕ್ಕೇ ಪಾರ್ಕಿಂಗ್ ಜಾಗದಲ್ಲಿ ಒಲೆ ಹಚ್ಚಿರುತ್ತಾರೆ. ನಾಯಿಯ ಮುಖವಾಡ ಹಾಕಿದ ದೊಡ್ಡ ದೊಡ್ಡ ಗಂಡಸರು ಬೊಗಳುತ್ತ ಓಡಾಡುತ್ತಿದ್ದರು. ಅವರ ಸ್ಟ್ಯಾಂಡಿಗೆ ಡಾಗ್ ಪೌಂಡ್ ಅಂತಲೇ ಹೆಸರು. ನಾದಿನಿಗೆ ಪಕ್ಕದ ಗುಂಪಿನವರು ಕರೆದು ಸುಟ್ಟ ಜೋಳ ಕೊಟ್ಟರು. ನಮ್ಮ ಚಕ್ಕುಲಿ ಅವರಿಗೆ ಹೋಯಿತು.

ಇವರ ನಿಷ್ಠೆಗೆ ಕೈ ಮುಗಿಯಬೇಕು. ತಂಡ ಇದುವರೆಗೆ ಸೂಪರ್ ಬೌಲ್ ತಲುಪಿಲ್ಲ, ಕೊನೆಯ ಪ್ರಶಸ್ತಿ 1964ರದ್ದು. 1995ರಲ್ಲಿ ಮಾಲೀಕ ತಂಡವನ್ನೇ ಬಾಲ್ಟಿಮೋರ್‌ಗೆ ಒಯ್ಯುತ್ತೇನೆ ಅಂದಾಗ ಊರು ಕೋರ್ಟ್ ಹತ್ತಿ ಜಗಳ ಮಾಡಿತು. ಆಟಗಾರರು ಹೋದರು, ಹೆಸರು, ಬಣ್ಣ, ಹಳೇ ದಾಖಲೆಗಳು ಊರಲ್ಲೇ ಉಳಿದವು. 1999ರಲ್ಲಿ ಹೊಸ ತಂಡ ಅದೇ ಹೆಸರಲ್ಲಿ ಇಳಿಯಿತು.

ವೃತ್ತಿಪರರ ವೇಗ ಬೇರೆಯೇ. ಒಂದೂಕಾಲು ಕ್ವಿಂಟಾಲ್ ಮೀರಿದ ಮನುಷ್ಯ ಅಷ್ಟು ಚುರುಕಾಗಿ ತಿರುಗುತ್ತಾನೆ ಅಂದರೆ ಕಣ್ಣಾರೆ ನೋಡದೆ ನಂಬುವುದು ಕಷ್ಟ. ಆದರೆ ಹೇಳಿಬಿಡುತ್ತೇನೆ, ಮ್ಯಾಸಿಲನ್ ಪಂದ್ಯ ಇದಕ್ಕಿಂತ ಚೆನ್ನಾಗಿತ್ತು. ಹದಿನೈದು ನಿಮಿಷದ ನಾಲ್ಕು ಕ್ವಾರ್ಟರ್ ಮುಗಿಯಲು ಮೂರು ಗಂಟೆ ಮೀರುತ್ತದೆ. ಅದರಲ್ಲಿ ಚೆಂಡು ನಿಜವಾಗಿ ಆಟದಲ್ಲಿರುವುದು ಸುಮಾರು 11 ನಿಮಿಷ. ಉಳಿದದ್ದು ನಿಲ್ಲುವುದು, ಮಾತು, ಜಾಹೀರಾತು. ಟೀವಿಯವರ ಬಿಡುವು ಮುಗಿಯುವವರೆಗೆ ಇಪ್ಪತ್ತೆರಡು ಆಟಗಾರರೂ ಸರೋವರದ ಗಾಳಿಯಲ್ಲಿ ಸುಮ್ನೆ ಕಾಲು ಕುಟ್ಟುತ್ತ ನಿಂತಿರುತ್ತಾರೆ.

ನಾಲ್ಕನೇ ಕ್ವಾರ್ಟರಿನಲ್ಲಿ ನಾಲ್ಕನೇ ಡೌನ್, ಒಂದು ಗಜ ಬೇಕು. ಒದೆಯಲು ಪಂಟರ್ ಬರುತ್ತಾನೆ ಅಂತ ತಮ್ಮ. ನುಗ್ಗುತ್ತಾರೆ ಅಂತ ನಾನು. ನುಗ್ಗಿದರು. ಸಿಗಲಿಲ್ಲ. ಡಾಗ್ ಪೌಂಡ್‌ನವರು ಈ ಸಲ ತಮ್ಮ ಕೋಚ್‌ಗೇ ಬೊಗಳಿದರು.

ಸೋಮವಾರ ಶಾಲೆ ಇದೆ, ಹಾಗಾಗಿ ಪಂದ್ಯ ಮುಗಿದದ್ದೇ ಇಂಟರ್‌ಸ್ಟೇಟ್ 80 ಹಿಡಿದೆವು. ಮನೆಗೆ ಏಳು ಗಂಟೆಯ ದಾರಿ. ತಮ್ಮ ಫ್ಲ್ಯಾಗ್ ಫುಟ್‌ಬಾಲ್ ವಿಷಯ ತೆಗೆದ. ಸೊಂಟಕ್ಕೆ ಪಟ್ಟಿ ಸಿಕ್ಕಿಸಿಕೊಂಡು ಆಡುವುದು, ಕೆಡವುವ ಬದಲು ಪಟ್ಟಿ ಕಿತ್ತರೆ ಸಾಕು. 2028ರ ಲಾಸ್ ಏಂಜಲಿಸ್ ಒಲಿಂಪಿಕ್ಸ್‌ಗೂ ಅದು ಬರುತ್ತಿದೆ. ನಾದಿನಿ ತಕ್ಷಣ ಒಪ್ಪಿದರು. ಅಳಿಯ ಒಪ್ಪಲಿಲ್ಲ. ಪೆನ್ಸಿಲ್ವೇನಿಯಾದ ಕತ್ತಲಲ್ಲಿ ಒಂದು ಗಂಟೆ ವಾದ ನಡೆಯಿತು.

"ಸರಿ, ಕಿಕ್ಕರ್ ಆಗ್ತೀನಿ," ಅಂದ ಕೊನೆಗೆ. "ಕಿಕ್ಕರ್‌ಗೆ ಯಾರೂ ಗುದ್ದೋ ಹಾಗಿಲ್ಲ. ಗುದ್ದಿದ್ರೆ 15 ಗಜ ಪೆನಾಲ್ಟಿ. ರೂಲ್ ಇದೆ ಅಮ್ಮ, ಬೇಕಾದ್ರೆ ತೋರಿಸ್ತೀನಿ."

"ತೋರಿಸು," ಅಂದರು ನಾದಿನಿ. ಅವನು ಫೋನಿನಲ್ಲಿ ನಿಯಮ ಹುಡುಕಿ ತೆಗೆದು ಗಟ್ಟಿಯಾಗಿ ಓದತೊಡಗಿದ. ಚೆಂಡನ್ನು ಒದ್ದ ಮೇಲೆ ಕಿಕ್ಕರ್ ತಾನೇ ಓಡಿ ಹೋಗಿ ಎದುರಾಳಿಯನ್ನು ಕೆಡವಲು ನೋಡಿದರೆ ಏನಾಗುತ್ತದೆ ಅನ್ನುವ ಸಾಲು ಬಂದಾಗ ಮಾತ್ರ ಸ್ವಲ್ಪ ಬೇಗ ಬೇಗ ಓದಿದ.